ಮೂವತ್ತೊಂದು ಕೆಂಪು ಸುತ್ತು

ಅವನ ಹೆಬ್ಬೆರಳು ನನ್ನ ಗಂಟಲ ಮೇಲಿತ್ತು.

ಹೆಬ್ಬೆರಳು ಅಂದರೆ ನಿಮ್ಮದರ, ನನ್ನದರ ಹಾಗಲ್ಲ. ಬಾಗಿಲ ಅಗುಳಿಯಷ್ಟು ದಪ್ಪ. ಅದರ ಹಿಂದೆ ಕೈ, ಕೈಯ ಹಿಂದೆ ತೋಳು, ತೋಳಿನ ಹಿಂದೆ ನೂರಹತ್ತು ಕೆ.ಜಿ. ಚಾನೆಲ್‌ನವರು ಈ ಕಾವಲಿನವನನ್ನು ಗೂಳಿ ಅನ್ನುತ್ತಿದ್ದರು. ಹೆಸರಿಟ್ಟವರಿಗೆ ಕಣ್ಣು ಚೆನ್ನಾಗಿತ್ತು.

"ಅಂಗಿ ಒಳಗೇನಿದೆ, ತಾತ?"

"ಎದೆ," ಅಂದೆ.

"ತಮಾಷೆ ಬೇಡ."

"ತಮಾಷೆ ಅಲ್ಲಪ್ಪ... ಎಪ್ಪತ್ಮೂರು ವರ್ಷದ ಎದೆ. ಇನ್ನೊಂದು ಚೂರು ಒತ್ತು, ನಿಂತೇ ಹೋಗುತ್ತೆ. ಆಮೇಲೆ ಹೆಣ ಮೇಲಕ್ಕೆ ಹೊತ್ಕೊಂಡು ಹೋಗೋನು ನೀನೇ. ಲಿಫ್ಟು ಕೆಟ್ಟಿದೆ, ಬರ್ತಾ ನೋಡ್ದೆ."

ಅವನು ಯೋಚಿಸಿದ. ಹುಬ್ಬು ಎರಡೂ ಒಂದಾದವು. ಬೆರಳು ಕೂದಲೆಳೆಯಷ್ಟು ಸಡಿಲವಾಯಿತು.

ನಾವಿದ್ದದ್ದು ಚಾನೆಲ್ ಕಟ್ಟಡದ ನೆಲಮಾಳಿಗೆಯಲ್ಲಿ. ಹೊತ್ತು ಹನ್ನೊಂದು ಮುಕ್ಕಾಲು. ನನ್ನ ಅಂಗಿಯೊಳಗೆ ಒಂದು ಹಳೇ ಫೋಟೋ. ಮಧ್ಯಾಹ್ನ ಒಂದು ಗಂಟೆಯೊಳಗೆ ಅದು ಊರ ಕಣ್ಣಿಗೆ ಬೀಳದಿದ್ದರೆ ನನ್ನ ಬಾಮೈದನನ್ನು ನಡುಬೀದಿಯಲ್ಲಿ ಬಡಿದು ಸಾಯಿಸುತ್ತಿದ್ದರು.

ಮೊದಲಿಂದ ಹೇಳುತ್ತೇನೆ. ಗಂಟಲ ಮೇಲಿನ ಕೈ ಅಲ್ಲೇ ಇರಲಿ. ಎಲ್ಲೂ ಹೋಗುವುದಿಲ್ಲ.

ಹೊಳೆಯ ಆಚೆ ದಡದವರಿಗೂ ನಮಗೂ ಯುದ್ಧ ಶುರುವಾಗಿ ಮೂರು ವಾರವಾಗಿತ್ತು. ಸೇತುವೆ ಮೇಲೆ ಏನೋ ಆಯಿತಂತೆ. ನೋಡಿದವರು ಯಾರೂ ಇಲ್ಲ, ಹೇಳುವವರು ಊರು ತುಂಬ. ಎಲ್ಲರಿಗಿಂತ ಜೋರಾಗಿ ಹೇಳುವವನು ಈ ಚಾನೆಲ್ಲಿನ ನಿರೂಪಕ. ಜನ ಅವನಿಗೆ ಗುಡುಗು ಅಂತ ಹೆಸರಿಟ್ಟಿದ್ದರು. ಮಳೆ ಬಿದ್ದದ್ದು ನಾನು ಕಾಣೆ.

ಮಂಗಳವಾರ ಸೈನ್ಯದ ಗೋದಾಮಿಗೆ ಬೆಂಕಿ ಬಿತ್ತು. ಬುಧವಾರ ಸಂಜೆ ಗುಡುಗು ಒಂದು ಫೋಟೋ ತೋರಿಸಿದ. ನಾನು ನೋಡಲಿಲ್ಲ. ಯುದ್ಧ ಶುರುವಾದ ದಿನವೇ ನನ್ನ ಹೆಂಡತಿ ನಮ್ಮ ಮನೆ ಟಿವಿಯ ಮುಖ ಗೋಡೆಗೆ ತಿರುಗಿಸಿ ಇಟ್ಟಿದ್ದಳು.

ಗುರುವಾರ ಬೆಳಿಗ್ಗೆ ಒಂಬತ್ತಕ್ಕೆ ಹಿತ್ತಲ ಬಾಗಿಲಲ್ಲಿ ದಬದಬ ಸದ್ದಾಯಿತು.

ಬಾಮೈದ. ನಲ್ಲಿ ರಿಪೇರಿ ಮಾಡುವವನು. ವಯಸ್ಸು ನಲವತ್ತೇಳು, ಹೊಟ್ಟೆ ಮುಂದೆ, ತಲೆ ನುಣ್ಣಗೆ. ಒಂದು ಕೆನ್ನೆ ಬೋಳಿಸಿತ್ತು, ಇನ್ನೊಂದರ ತುಂಬ ನೊರೆ. ಕೊರಳಲ್ಲಿ ಕ್ಷೌರದಂಗಡಿಯ ಬಿಳಿ ಬಟ್ಟೆ.

"ಭಾವ, ನನ್ನ ಕೊಲ್ತಾರೆ."

"ಯಾರು?"

"ಎಲ್ಲರೂ."

ಇವಳು ಒಳಗಿಂದ ಬಂದಳು. ತಮ್ಮನನ್ನು ಮೇಲಿಂದ ಕೆಳಗೆ ನೋಡಿದಳು. "ಕಾಲೊರೆಸ್ಕೊಂಡು ಬಾ," ಅಂದಳು. "ಎಲ್ಲರೂ ಅಂದ್ರೆ ಯಾರ್ಯಾರು?"

"ಟಿವಿಲಿ ನನ್ನ ಫೋಟೋ ಬಂದಿದೆ ಅಕ್ಕ. ಗೋದಾಮಿಗೆ ಬೆಂಕಿ ಹಚ್ಚಿದ ಸ್ಪೈ ಅಂತ. ಆಗಿನ ಫೋಟೋ, ಇಪ್ಪತ್ತೈದರಲ್ಲಿದ್ದಾಗಿನದು. ಯಾರಿಗೂ ಗುರುತೇ ಸಿಕ್ಕಿರಲಿಲ್ಲ."

"ಮತ್ತೆ ಹೇಗೆ ಸಿಕ್ತು?"

ಅವನು ನೆಲ ನೋಡಿದ.

"ಕ್ಷೌರದಂಗಡಿಲಿ ಎಲ್ಲ ಕೂತು ಟಿವಿ ನೋಡ್ತಿದ್ರು. ಎಂಥಾ ಕೂದಲು, ಎಂಥಾ ಮೈಕಟ್ಟು, ಇಂಥವನು ಹೀಗೆ ಮಾಡ್ಬಿಟ್ನಲ್ಲ ಅಂತಿದ್ರು. ನಾನು... ಅದು ನಾನೇ ಅಂದೆ."

"ಯಾಕೋ?" ಅಂದೆ.

"ನನಗೆ ಅಷ್ಟು ಕೂದಲಿತ್ತು ಅಂತ ಅವರಲ್ಲಿ ಒಬ್ಬನೂ ಯಾವತ್ತೂ ನಂಬಿರಲಿಲ್ಲ, ಭಾವ."

ಇವಳು ಹಣೆ ಚಚ್ಚಿಕೊಂಡಳು. "ನಮ್ಮಪ್ಪ ನಿನ್ನ ಹುಟ್ಟಿಸೋ ಬದಲು ಮನೆಗೊಂದು ಕನ್ನಡಿ ತಂದಿದ್ರೆ ಸಾಕಾಗಿತ್ತು."

"ಇಪ್ಪತ್ತೆರಡು ವರ್ಷದ ಹಿಂದಿನ ಫೋಟೋ ಅಂತಾನೂ ಹೇಳ್ದೆ ಅಕ್ಕ."

"ಅವರು ಕೇಳಿಸ್ಕೊಂಡ್ರಾ?"

"ಅದು ನಾನೇ ಅಂದ ಕೂಡ್ಲೆ ಕ್ಷೌರದವನ ಕತ್ತಿ ಗಂಟಲ ಹತ್ರ ನಿಂತ್ಹೋಯ್ತು. ಮಿಕ್ಕಿದ್ದೆಲ್ಲ ನಾನು ಓಡ್ತಾ ಓಡ್ತಾ ಹೇಳಿದ್ದು."

ಟಿವಿಯ ಮುಖ ಇತ್ತ ತಿರುಗಿಸಿದೆ.

ಫೋಟೋ ಇತ್ತು. ಹೊಗೆ. ಹೊಗೆಯ ಮುಂದೆ ಒಬ್ಬ ಹುಡುಗ, ಕೈಯಲ್ಲಿ ಕ್ಯಾನು, ಓಡುತ್ತಿದ್ದಾನೆ. ಮುಖದ ಸುತ್ತ ಕೆಂಪು ಸುತ್ತು. ಕೆಳಗಿನ ಅಕ್ಷರಗಳನ್ನು ನಾನು ನಿಧಾನಕ್ಕೆ ಕೂಡಿಸಿಕೊಂಡು ಓದಿದೆ. 'ಪೆಟ್ರೋಲ್ ಕ್ಯಾನಿನೊಂದಿಗೆ ಶತ್ರುವಿನ ಏಜೆಂಟ್.' ಮೂರನೇ ಕ್ಲಾಸಿಗೆ ಸ್ಕೂಲು ಬಿಟ್ಟವನು ನಾನು. ಅಕ್ಷರಕ್ಕೆ ಹೊತ್ತು ಹಿಡಿಯುತ್ತದೆ. ಫೋಟೋಗೆ ಹಿಡಿಯುವುದಿಲ್ಲ.

ಫೋಟೋದ ಬಲ ಅಂಚು ಕೆಳಗೆ ಬರುತ್ತಾ ಬರುತ್ತಾ ಚೂರು ಒಳಕ್ಕೆ ಸರಿದಿತ್ತು.

ಟಿವಿಗೆ ಮೂಗು ತಾಗುವಷ್ಟು ಹತ್ತಿರ ಹೋಗಿ ನೋಡಿದೆ.

ಮೂವತ್ತೊಂದು ವರ್ಷ ನಾನು ಪತ್ರಿಕೆಯ ಫೋಟೋ ಕೋಣೆಯಲ್ಲಿ ಕೆಲಸ ಮಾಡಿದವನು. ತೊಳೆಯುವುದು, ಒಣಗಿಸುವುದು, ಪುಟಕ್ಕೆ ತಕ್ಕಂತೆ ಕತ್ತರಿಸುವುದು. ಕತ್ತರಿಸುವ ಯಂತ್ರ ಮೊದಲ ವರ್ಷವೇ ನನ್ನ ಬಲ ಹೆಬ್ಬೆರಳ ತುದಿ ತೆಗೆದುಕೊಂಡಿತು. ಅಂದಿನಿಂದ ನನ್ನ ಹಿಡಿತ ಜಾರುತ್ತದೆ. ನಾನು ಕತ್ತರಿಸಿದ ಫೋಟೋ ಎಲ್ಲೇ ಇರಲಿ, ಬಲ ಅಂಚು ಓರೆ.

ಅದನ್ನು ಕತ್ತರಿಸಿದವನು ನಾನೇ.

ಇಪ್ಪತ್ತೆರಡು ವರ್ಷದ ಹಿಂದೆ ಹಾಸಿಗೆ ಕಾರ್ಖಾನೆಗೆ ಬೆಂಕಿ ಬಿದ್ದಿತ್ತು. ಬೀದಿಯ ಜನ ಸಾಲಾಗಿ ನಿಂತು, ಕೈಯಿಂದ ಕೈಗೆ ಬಕೆಟ್ ದಾಟಿಸಿ ಆರಿಸಿದರು. ನಲ್ಲಿಯಿಂದ ಕ್ಯಾನಿನಲ್ಲಿ ನೀರು ತುಂಬಿ ತರುತ್ತಿದ್ದವನು ಬಾಮೈದ. ಫೋಟೋದಲ್ಲಿ ಅಷ್ಟೂ ಜನ ಇದ್ದರು. ಆಗಿನ ಸಂಪಾದಕರು ನನ್ನನ್ನು ಕರೆದು, "ಇಷ್ಟು ಜನ ಇದ್ರೆ ಧೈರ್ಯ ಕಾಣಲ್ಲಯ್ಯ. ಒಬ್ಬನ್ನ ಇಡು, ಮಿಕ್ಕಿದ್ದು ತೆಗಿ," ಅಂದರು. ತೆಗೆದೆ. ಮಾರನೇ ದಿನ ಪತ್ರಿಕೆಯಲ್ಲಿ ಬಂತು, 'ಏಕಾಂಗಿ ವೀರ.'

ಅದೇ ಹುಡುಗ, ಅದೇ ಕ್ಯಾನು. ಆಗ ನೀರು, ಈಗ ಪೆಟ್ರೋಲು. ಬದಲಾದದ್ದು ಕೆಳಗಿನ ಒಂದು ಸಾಲು.

ಹತ್ತು ಗಂಟೆಗೆ ಗುಡುಗು ಮತ್ತೆ ಟಿವಿಯಲ್ಲಿ ಬಂದ. ಕ್ಷೌರದವನು ಫೋನ್ ಮಾಡಿದ್ದ. "ಸ್ಪೈ ನಮ್ಮ ನಡುವೆಯೇ ಇದ್ದ. ನಲ್ಲಿ ರಿಪೇರಿಯ ನೆಪದಲ್ಲಿ ಪ್ರತಿ ಮನೆಗೂ ನುಗ್ಗಿದ್ದ. ಬೋಳು ತಲೆಯ ವೇಷದಲ್ಲಿ!" ಅಂತ ಗುಡುಗಿದ.

ಬಾಮೈದ ಎರಡೂ ಕೈ ತಲೆ ಮೇಲೆ ಇಟ್ಟುಕೊಂಡ. "ವೇಷ ಅಂತೆ, ಭಾವ."

"ಒಂದು ಗಂಟೆಗೆ ನೇರ ಪ್ರಸಾರದಲ್ಲಿ ಜನರ ತೀರ್ಪು. ಅವನನ್ನು ಬಲ್ಲವರು ಬನ್ನಿ. ಚಾನೆಲ್ಲಿನ ಬಾಗಿಲು ತೆರೆದಿದೆ," ಅಂತ ಕರೆದೂ ಕರೆದ.

ಬೀದಿಯಲ್ಲಿ ಆಗಲೇ ಸದ್ದು ಶುರುವಾಗಿತ್ತು. ನಮ್ಮ ಎದುರು ಮನೆಯಾಕೆ ಹೇಳುತ್ತಿದ್ದದ್ದು ಕಿಟಕಿಯಿಂದ ಕೇಳಿಸಿತು. "ಅದಕ್ಕೇ ನೋಡು, ಹೋದ ತಿಂಗಳು ನಮ್ಮನೇಲಿ ಎಷ್ಟು ನಲ್ಲಿ ಇದಾವೆ ಅಂತ ಕೇಳಿದ್ದ." ನಲ್ಲಿ ರಿಪೇರಿಯವನು ಇನ್ನೇನು ಕೇಳಬೇಕು?

ಬಾಮೈದ ನಮ್ಮ ಮಾಳಿಗೆ ಮೇಲಿನ ಖಾಲಿ ನೀರಿನ ಟ್ಯಾಂಕಿಗೆ ಇಳಿದ. ಅವನೇ ಕೂರಿಸಿದ ಟ್ಯಾಂಕು. ಇವಳು ಮುಚ್ಚಳ ಹಾಕಿ ಬಂದು, ಮುಂಬಾಗಿಲಲ್ಲಿ ಮೊರ ಹಿಡಿದು ಅಕ್ಕಿ ಆರಿಸಲು ಕೂತಳು.

"ರೀ, ಎಲ್ಲಿಗೆ ಹೊರಟ್ರಿ?"

"ಕತ್ತರಿಸಿದ್ದು ಜೋಡಿಸಿ ಬರ್ತೀನಿ."

"ಒಂದು ಗಂಟೆ ತನಕ ತಡೀತೀನಿ. ಆಮೇಲೆ ನನ್ನ ಕೈಲಾಗಲ್ಲ."

ಅವಳು ಮತ್ತೆ ಮೊರದ ಕಡೆ ಬಗ್ಗಿದಳು. ನಲವತ್ನಾಲ್ಕು ವರ್ಷದ ಸಂಸಾರ.

ಪತ್ರಿಕೆ ಮುಚ್ಚಿ ಐದು ವರ್ಷ. ಕಟ್ಟಡವನ್ನು ಚಾನೆಲ್‌ನವರು ಕೊಂಡಿದ್ದರು, ನೆಲಮಾಳಿಗೆಯ ಫೋಟೋಗಳ ಸಮೇತ. ಹಿಂದುಗಡೆ ಕಾಗದದ ಸುರುಳಿ ಉರುಳಿಸುವ ಇಳಿಜಾರು ಇದೆ. ಅದರ ಬೀಗ ಒಂದು ತಂತಿಗೆ ಬಾಗುತ್ತದೆ. ಕೆಲಸ ಬಿಟ್ಟ ಮೇಲೆ ನನ್ನ ಕಸುಬು ಹುಡುಕಿಕೊಡುವುದು. ಓಡಿಹೋದ ಗಂಡಂದಿರು, ಕಳೆದುಹೋದ ಪತ್ರಗಳು. ಒಮ್ಮೆ ನೋಡಿದ ಮುಖ ನಾನು ಮರೆಯುವುದಿಲ್ಲ. ಬೀಗಗಳನ್ನೂ ಮರೆಯುವುದಿಲ್ಲ.

ಒಳಗೆ ನನ್ನ ಪೆಟ್ಟಿಗೆಗಳು ಇದ್ದ ಹಾಗೇ ಇದ್ದವು.

ಇಲ್ಲಿ ನನ್ನದೊಂದು ತಪ್ಪು ಒಪ್ಪಿಕೊಳ್ಳಬೇಕು. ಓದಿದವರು ಫೋಟೋವನ್ನು ತಾರೀಖು ನೋಡಿ, ಹೆಸರು ನೋಡಿ ಜೋಡಿಸುತ್ತಾರೆ. ನನಗೆ ಬರೆಯುವುದು ಕಷ್ಟ. ಹಾಗಾಗಿ ಚಿತ್ರದಲ್ಲಿ ಏನಿದೆಯೋ ಅದರ ಪ್ರಕಾರ ಪೆಟ್ಟಿಗೆಗೆ ಹಾಕಿದೆ. ಪೆಟ್ಟಿಗೆಯ ಮೇಲೆ ಗುರುತು ಬರೆದೆ. ಕಣ್ಣು, ಅದರಿಂದ ಒಂದು ಹನಿ... ಅಳುವವರು. ಎರಡು ಕಾಲು... ಓಡುವವರು. ಉರಿ... ಬೆಂಕಿ. ಯಾವ ಊರು, ಯಾವ ವರ್ಷ, ಯಾಕೆ ಅತ್ತರು, ಯಾಕೆ ಓಡಿದರು, ಅದೆಲ್ಲ ನನ್ನ ತಲೆಯಲ್ಲಿ. ಪೆಟ್ಟಿಗೆಯಲ್ಲಿ ಒಂದು ಅಕ್ಷರ ಇಲ್ಲ.

ಯುದ್ಧ ಮಾಡುವವರಿಗೆ ಇದಕ್ಕಿಂತ ಅನುಕೂಲ ಬೇಕಾ? ಅಳು ಬೇಕು ಅಂದರೆ ಕಣ್ಣಿನ ಪೆಟ್ಟಿಗೆ. ಕಳ್ಳ ಬೇಕು ಅಂದರೆ ಕಾಲಿನ ಪೆಟ್ಟಿಗೆ. ಮೂರು ವಾರದಿಂದ ಊರನ್ನೆಲ್ಲ ಅಳಿಸಿದ 'ಗಡಿಯ ತಾಯಂದಿರು' ಯಾರು ಗೊತ್ತಾ? ಹತ್ತೊಂಬತ್ತು ವರ್ಷದ ಹಿಂದೆ ಫುಟ್‌ಬಾಲ್ ಸೋತಾಗ ಅತ್ತವರು.

ಆ ಮೂರು ಪೆಟ್ಟಿಗೆಗಳ ಮುಚ್ಚಳ ಕೈಯಾಡಿ ಹೊಳೆಯುತ್ತಿತ್ತು. ಮೂಲೆಯಲ್ಲಿ ಇನ್ನೊಂದು. ಮೇಲೆ ಎರಡು ಕೈ, ಒಂದನ್ನೊಂದು ಹಿಡಿದದ್ದು. ಅದರ ಮೇಲೆ ಬೆರಳುದ್ದ ಧೂಳು. ಐದು ವರ್ಷದಲ್ಲಿ ಯಾರಿಗೂ ಅದು ಬೇಕಾಗಿರಲಿಲ್ಲ.

ಇಡೀ ಫೋಟೋ ಅಲ್ಲೇ ಇತ್ತು. ಅಡಿಯಿಂದ ಏಳನೆಯದು.

ಅಂಗಿಯೊಳಗೆ ಇಳಿಸಿದೆ. ತಿರುಗಿದೆ. ಗೂಳಿ.

ಈಗ ಗಂಟಲ ಮೇಲಿನ ಕೈಗೆ ಬಂದೆವು.

"ಕೊಡು ತಾತ. ಇಲ್ಲಿಂದ ಒಂದು ಚೂರು ಕಾಗದ ಹೊರಗೆ ಹೋಗಬಾರದು ಅಂತ ಆರ್ಡರ್."

"ಕೊಡ್ತೀನಪ್ಪ. ಕೈ ತೆಗಿ, ಗುಂಡಿ ಬಿಚ್ಚಬೇಕು."

ಕೈ ತೆಗೆದ. ನಾನು ಎಡಗೈ ಚಾಚಿದೆ. ಗುಂಡಿಗಲ್ಲ... ಗೋಡೆಗೆ. ಸ್ವಿಚ್ಚಿಗೆ.

ಕತ್ತಲೆ.

ಮೂವತ್ತೊಂದು ವರ್ಷ ಡಾರ್ಕ್‌ರೂಮಿನಲ್ಲಿ ಇದ್ದವನಿಗೆ ಕತ್ತಲೆ ಅಂದರೆ ಆಫೀಸು. ನಾಲ್ಕು ಹೆಜ್ಜೆ ನೇರ. ಕಂಬ. ಎಡಕ್ಕೆ ಎರಡು. ತಲೆ ಬಗ್ಗಿಸು, ಪೈಪಿದೆ. ನಾನು ಬಗ್ಗಿದೆ. ನನ್ನ ಹಿಂದೆ ಬಂದವನಿಗೆ ಅದು ಗೊತ್ತಿರಲಿಲ್ಲ. ಠಣ್ ಅಂತ ಸದ್ದಾಯಿತು. ಆಮೇಲೆ ನೂರಹತ್ತು ಕೆ.ಜಿ. ಅಳುವವರ ಪೆಟ್ಟಿಗೆಯ ಮೇಲೆ ಬಿದ್ದ ಸದ್ದು.

"ತಾತಾ..."

"ಏಳಬೇಡಪ್ಪ," ಅಂದೆ. "ಮೇಲೆ ಇನ್ನೊಂದು ಪೈಪಿದೆ."

ಅವನು ಎದ್ದ. ಇನ್ನೊಂದು ಠಣ್. ಹೇಳಿದರೆ ಕೇಳುವ ಕಾಲವೇ ಅಲ್ಲ.

ಓಡಿದೆ. ನನ್ನ ವಯಸ್ಸಿನಲ್ಲಿ ಓಡುವುದು ಅಂದರೆ ನೀವು ನಡೆಯುವುದಕ್ಕಿಂತ ಸ್ವಲ್ಪ ಕಡಿಮೆ. ಇಳಿಜಾರು ಹತ್ತಿದೆ. ಹಿತ್ತಲು. ಗಲ್ಲಿ. ಇನ್ನೊಬ್ಬ ಕಾವಲಿನವನು ಸೀಟಿ ಊದಿಕೊಂಡು ಎಡಕ್ಕೆ ಓಡಿದ, ಊರಾಚೆ ಹೋಗುವ ದಾರಿಗೆ. ಕದ್ದವನು ತಪ್ಪಿಸಿಕೊಂಡು ಹೋಗುತ್ತಾನೆ ಅಂತ ಅವನ ಲೆಕ್ಕ.

ನಾನು ಬಲಕ್ಕೆ ಹೋದೆ. ಕಟ್ಟಡ ಸುತ್ತು ಹಾಕಿ, ಮುಂಬಾಗಿಲಿಗೆ. ಗಾಜಿನ ಬಾಗಿಲು ತಾನೇ ತೆರೆದುಕೊಂಡಿತು. ರಿಸೆಪ್ಶನ್ನಿನ ಹುಡುಗಿ ತಲೆ ಎತ್ತಲಿಲ್ಲ.

"ಅಪಾಯಿಂಟ್‌ಮೆಂಟ್ ಇದ್ಯಾ?"

"ಇಲ್ಲಮ್ಮ. ನಾನು ಆ ಸ್ಪೈನ ಭಾವ."

ಹುಡುಗಿ ಎದ್ದು ನಿಂತಳು. ಕುರ್ಚಿ ಬಂತು. ಕಾಫಿ ಬಂತು. ಬಿಸ್ಕತ್ತು ಬಂತು. ನನ್ನ ಮದುವೆಯಲ್ಲಿ ಕೂಡ ನನ್ನನ್ನು ಯಾರೂ ಹಾಗೆ ನೋಡಿಕೊಂಡಿರಲಿಲ್ಲ.

ಹನ್ನೆರಡೂವರೆಗೆ ನಾನು ಮೇಕಪ್ ಕೋಣೆಯ ಕುರ್ಚಿಯಲ್ಲಿದ್ದೆ. ಒಬ್ಬಾಕೆ ನನ್ನ ಮುಖಕ್ಕೆ ಪೌಡರ್ ಹಚ್ಚುತ್ತಿದ್ದಳು. ಬಾಗಿಲಲ್ಲಿ ಗೂಳಿ ಕಾಣಿಸಿಕೊಂಡ. ಹಣೆ ಮೇಲೆ ಎರಡು ಬುಗುಟು. ನನ್ನನ್ನು ನೋಡಿದ. ಬಾಯಿ ತೆರೆದ.

"ಗೆಸ್ಟ್," ಅಂದಳು ಮೇಕಪ್ಪಿನಾಕೆ. "ಮುಟ್ಟಬೇಡ, ಪೌಡರ್ ಹೋಗುತ್ತೆ."

ಅವನು ಬಾಯಿ ಮುಚ್ಚಿದ.

ಆಮೇಲೆ ಗುಡುಗು ಬಂದ. ಹತ್ತಿರದಿಂದ ನೋಡಿದರೆ ಗಿಡ್ಡ. ದನಿಯೂ ಮೆತ್ತಗೆ, ಔಷಧಿ ಅಂಗಡಿಯವನ ಹಾಗೆ.

"ಅಳೋಕೆ ಬರುತ್ತಾ, ತಾತ?"

"ಬೇಕಾದಾಗ ಬರಲ್ಲ ಸಾರ್."

"ಪರವಾಗಿಲ್ಲ, ತಲೆ ತಗ್ಗಿಸಿದ್ರೂ ಸಾಕು. ನಾನು ಕೇಳ್ತೀನಿ, ನಿಮ್ಮ ಮನೆಗೇ ಮೋಸ ಮಾಡಿದ್ನಾ ಅಂತ. ನೀವು ಹೌದು ಅನ್ನಿ. ಒಂದೇ ಪದ."

ನಾನು ಅಂಗಿಯಿಂದ ಫೋಟೋ ತೆಗೆದು ಅವನ ಮುಂದೆ ಇಟ್ಟೆ.

ಇಷ್ಟೇ ಸಾಕು ಅಂದುಕೊಂಡಿದ್ದೆ. ಇಪ್ಪತ್ತೆರಡು ವರ್ಷದ ಹಳೇ ಫೋಟೋ. ಹಾಸಿಗೆ ಕಾರ್ಖಾನೆಯ ಬೋರ್ಡು. ಬಕೆಟ್ ಸಾಲು. ಮೂವತ್ತೊಂದು ಮುಖ. ನಿಜ ಕಣ್ಣೆದುರು ಬಿದ್ದರೆ ಮನುಷ್ಯ ಒಂದು ಸಲವಾದರೂ ತಡವರಿಸುತ್ತಾನೆ ಅಂತ ನನ್ನ ನಂಬಿಕೆ.

ಗುಡುಗು ಫೋಟೋ ನೋಡಿದ. ಬೋರ್ಡಿನ ಮೇಲೆ ಅವನ ಕಣ್ಣು ನಿಂತದ್ದು ನಾನು ಕಂಡೆ. ಆ ಕಣ್ಣು ಅಲ್ಲಿಂದ ಸರಿದದ್ದನ್ನೂ ಕಂಡೆ.

"ಇಷ್ಟು ಜನಾನಾ?" ಅಂದ, ಮಗುವಿಗೆ ಆಟಿಕೆ ಸಿಕ್ಕ ಹಾಗೆ. "ಹಾಗಾದ್ರೆ ಅವನೊಬ್ಬನೇ ಅಲ್ಲ... ಇದು ಜಾಲ."

"ಸಾರ್, ಅವರ ಕೈಲಿರೋದು ನೀರು."

"ನೀರು ಅಂತ ಫೋಟೋದಲ್ಲಿ ಬರೆದಿದ್ಯಾ?"

ಬರೆದಿರಲಿಲ್ಲ.

"ಬೋರ್ಡು ಕಟ್ ಮಾಡಿ," ಅಂತ ಗ್ರಾಫಿಕ್ಸಿನವನಿಗೆ ಕೂಗಿ ಹೇಳಿದ. "ಎಲ್ಲರಿಗೂ ಕೆಂಪು ಸುತ್ತು ಹಾಕಿ. ಲೈವ್‌ನಲ್ಲಿ ಒಂದೊಂದೇ ಬರಬೇಕು. ಠಕ್, ಠಕ್, ಠಕ್."

ಒಬ್ಬನನ್ನು ಬಿಡಿಸಲು ಬಂದು ಮೂವತ್ತು ಜನರನ್ನು ಹಿಡಿದುಕೊಟ್ಟಿದ್ದೆ. ಗೋಡೆಯ ಗಡಿಯಾರದಲ್ಲಿ ಹನ್ನೆರಡು ಮುಕ್ಕಾಲು. ನಮ್ಮ ಮನೆ ಮುಂದೆ ಆಗಲೇ ಇನ್ನೂರು ಜನ ಅಂತ ಅಲ್ಲಿನ ಟಿವಿಯಲ್ಲೇ ಬರುತ್ತಿತ್ತು. ಇವಳ ಕೈಯ ಮೊರ ಕೂಡ ಕಾಣಿಸಿತು.

ಆಮೇಲೆ ಫೋಟೋವನ್ನು ಇನ್ನೊಂದು ಸಲ ನೋಡಿದೆ. ಎಡದಿಂದ ಬಲಕ್ಕೆ. ಒಂದೊಂದೇ ಮುಖ. ಅವಸರ ಮಾಡಲಿಲ್ಲ.

ಬಲ ತುದಿಗೆ ಬಂದಾಗ ಗುಡುಗನಿಗೆ ಹೇಳಿದೆ, "ಇವರೆಲ್ಲರೂ ಯಾರು ಅಂತ ನನಗೆ ಗೊತ್ತು ಸಾರ್."

"ಎಲ್ಲರೂ?"

"ಮೂವತ್ತೊಂದೂ."

ಅವನು ನನ್ನ ಭುಜ ತಟ್ಟಿದ. "ತಾತ, ನೀವು ದೇಶದ ಆಸ್ತಿ."

ಒಂದು ಗಂಟೆ. ಕೆಂಪು ದೀಪ. ದೀಪ ಬಿದ್ದ ಕೂಡಲೇ ಆ ಗಿಡ್ಡ ಮನುಷ್ಯ ಎರಡು ಅಡಿ ಬೆಳೆದ. ದನಿ ಗೋಡೆಗೆ ಬಡಿದು ವಾಪಸು ಬಂತು. ಬರೀ ಒಬ್ಬ ಸ್ಪೈ ಅಲ್ಲ, ಮೂವತ್ತೊಂದು ಜನರ ಜಾಲ. ಇಗೋ ಸಾಕ್ಷಿ. ದ್ರೋಹಿಯ ಸ್ವಂತ ಭಾವನೇ ಬಾಯಿ ಬಿಡುತ್ತಾನೆ.

ಪರದೆ ಮೇಲೆ ಫೋಟೋ. ಮುಖಗಳ ಮೇಲೆ ಒಂದೊಂದಾಗಿ ಕೆಂಪು ಸುತ್ತು ಬೀಳತೊಡಗಿದವು. ಠಕ್, ಠಕ್, ಠಕ್.

"ಹೇಳಿ ತಾತ. ಮಧ್ಯದಲ್ಲಿ ಬಕೆಟ್ ಎತ್ತಿ ಕೊಡ್ತಿರೋ ಈ ಹೆಂಗಸು... ಯಾರಿವಳು?"

"ಕ್ಷೌರದಂಗಡಿಯವನ ತಾಯಿ," ಅಂದೆ.

ಗುಡುಗು ತಲೆಯಾಡಿಸಿದ, ಅರ್ಥವಾಗದೆ.

"ಬೆಳಿಗ್ಗೆ ನಿಮಗೆ ಫೋನ್ ಮಾಡಿದ್ನಲ್ಲ, ಅವನ ತಾಯಿ. ಈಗಲೂ ಅಂಗಡಿ ಹಿಂದಿನ ಕೋಣೇಲಿ ಇದಾರೆ. ಮೊಣಕಾಲು ನೋವು, ಎಲ್ಲೂ ತಪ್ಪಿಸ್ಕೊಂಡು ಹೋಗಲ್ಲ. ಹಿಡೀಬೋದು."

"ಮುಂದೆ," ಅಂದ ಗುಡುಗು.

"ಅವರ ಪಕ್ಕದ ತೆಳ್ಳನೆ ಪೇದೆ, ಈಗಿನ ಪೊಲೀಸ್ ಮುಖ್ಯಸ್ಥರು. ಆಗ ಮೀಸೆ ಇರಲಿಲ್ಲ. ಅದರ ಪಕ್ಕ ಆಸ್ಪತ್ರೆಯ ದೊಡ್ಡ ನರ್ಸಮ್ಮ. ಊರಲ್ಲಿ ಅರ್ಧ ಜನರನ್ನ ಅವರೇ ಎತ್ಕೊಂಡಿದಾರೆ, ಹುಟ್ಟಿದಾಗ. ಇವರು ಐದನೇ ನಂಬರ್ ಬಸ್ಸಿನ ಡ್ರೈವರು. ಈ ಕನ್ನಡಕದ ಮೇಷ್ಟ್ರು... ನಿಮಗೆ ಮಗ್ಗಿ ಕಲಿಸಿದವರು ಸಾರ್. ನೀವೇ ಒಂದು ಸಲ ಟಿವಿಲಿ ಅವರ ಕಾಲು ಮುಟ್ಟಿದ್ರಿ."

ಸ್ಟುಡಿಯೋದಲ್ಲಿ ಯಾರೋ ಕೆಮ್ಮಿದರು. ಹೊರಗೆ ಫೋನುಗಳು ಬಡಿದುಕೊಳ್ಳಲು ಶುರುವಾಗಿದ್ದವು. ಒಂದಲ್ಲ, ಹತ್ತು.

ಇದು ಸರಿಯಾ ಅಂತ ನೀವು ಕೇಳಬಹುದು. ಬದುಕಿರುವವರನ್ನು ಒಬ್ಬೊಬ್ಬರನ್ನಾಗಿ ಬೆಂಕಿಗೆ ಹಿಡಿಯುತ್ತಿದ್ದೆ. ನನ್ನ ಲೆಕ್ಕ ಇಷ್ಟೇ. ಒಬ್ಬನನ್ನು ಹೊಡೆಯಲು ಇನ್ನೂರು ಜನ ಸಿಗುತ್ತಾರೆ. ಆ ಇನ್ನೂರು ಜನರಲ್ಲಿ ಪ್ರತಿಯೊಬ್ಬನಿಗೂ ಫೋಟೋದಲ್ಲಿ ಒಬ್ಬ ಅಮ್ಮನೋ, ಮಾವನೋ, ಮೇಷ್ಟ್ರೋ ಸಿಕ್ಕರೆ ಕೈಯ ಕಲ್ಲು ಎಲ್ಲಿ ಇಡಬೇಕು ಅಂತ ತಿಳಿಯುವುದಿಲ್ಲ. ಲೆಕ್ಕ ತಪ್ಪಿದ್ದರೆ ಮೂವತ್ತೊಂದು ಮನೆಗಳು ಹೊತ್ತಿಕೊಳ್ಳುತ್ತಿದ್ದವು. ಆದರೂ ಮುಂದಿನ ಮುಖಕ್ಕೆ ಹೋದೆ. ದನಿ ಮಾತ್ರ ಎತ್ತಲಿಲ್ಲ.

ನಮ್ಮ ಮನೆ ಮುಂದೆ ನಡೆದದ್ದನ್ನು ಇವಳು ಆಮೇಲೆ ಹೇಳಿದಳು. ಗುಂಪಿನ ಮುಂದೆ ಕ್ಷೌರದವನು, ಒಂದು ಕೈಯಲ್ಲಿ ಕಲ್ಲು, ಇನ್ನೊಂದರಲ್ಲಿ ಮೊಬೈಲು. ಲೈವ್ ನೋಡುತ್ತಲೇ ಬಂದಿದ್ದನಂತೆ. ಅಮ್ಮನ ಮುಖದ ಮೇಲೆ ಸುತ್ತು ಬಿದ್ದದ್ದು ನೋಡಿದ. ಅಷ್ಟರಲ್ಲಿ ಅದೇ ಮೊಬೈಲು ರಿಂಗಾಯಿತು. ಅಮ್ಮನೇ.

"ಲೋ, ನಾನೂ ಸ್ಪೈ ಅಂತೆ. ಯಾವಾಗ ಬಂದು ಹೊಡೀತೀಯ? ಊಟ ಆದ ಮೇಲೆ ಬಾ, ಒಲೆ ಮೇಲೆ ಇಟ್ಟಿದೀನಿ."

ಪಕ್ಕದಲ್ಲಿದ್ದವರೆಲ್ಲ ಕೇಳಿಸಿಕೊಂಡರಂತೆ. ಒಬ್ಬ ನಕ್ಕ. ಇನ್ನೊಬ್ಬನ ಫೋನ್ ರಿಂಗಾಯಿತು. ಅವನ ಮಾವನಂತೆ. ಆಮೇಲೆ ಮತ್ತೊಬ್ಬನದು. ಇವಳು ಮೊರದಿಂದ ತಲೆ ಎತ್ತದೆ, "ಕಲ್ಲು ಅಲ್ಲೇ ಹಾಕಿ ಹೋಗ್ಬೇಡಿ, ಬೆಳಿಗ್ಗೆ ತಾನೇ ಗುಡಿಸಿದೀನಿ," ಅಂದಳಂತೆ.

ಇತ್ತ ಸ್ಟುಡಿಯೋದಲ್ಲಿ ನಾನು ಮೂವತ್ತನೆಯವರನ್ನು ಮುಗಿಸಿದ್ದೆ. ಗುಡುಗು ಬೆವರುತ್ತಿದ್ದ.

"ಸಾಕು ತಾತ, ಸಮಯ..."

"ಇನ್ನೊಬ್ಬರಿದಾರೆ ಸಾರ್. ಮುಖ್ಯವಾದವರು. ಬಲ ತುದೀಲಿ, ಬೆಂಕಿಯಿಂದ ಎಲ್ಲರಿಗಿಂತ ದೂರ ನಿಂತಿದಾರಲ್ಲ. ಸೊಂಟಕ್ಕೆ ಟವೆಲ್ಲು, ಕೈಯಲ್ಲಿ ಚೊಂಬು. ಸ್ನಾನದ ಮಧ್ಯೆ ಎದ್ದು ಬಂದಿದ್ರು. ಆ ಕಾರ್ಖಾನೆ ಅವರ ತಂದೆಯದು."

"ಯಾರವರು?" ಅಂದ ಗುಡುಗು. ಕೇಳಬಾರದಿತ್ತು. ಪಾಪ, ಬಾಯಿ ತಪ್ಪಿ ಕೇಳಿದ.

"ನಿಮ್ಮ ಚಾನೆಲ್ಲಿನ ಯಜಮಾನರು."

ಮೂವತ್ತೊಂದನೇ ಕೆಂಪು ಸುತ್ತು ಟವೆಲ್ಲಿನ ಮೇಲೇ ಬಂದು ಬಿತ್ತು. ಗ್ರಾಫಿಕ್ಸಿನವನ ಕೈ ಜಾರಿರಬೇಕು.

ಗುಡುಗನ ಕಿವಿಯಲ್ಲಿದ್ದ ಸಣ್ಣ ಯಂತ್ರ ಕಿರುಚಿದ್ದು ನನಗೂ ಕೇಳಿಸಿತು. ಯಜಮಾನರು ಮನೆಯಿಂದಲೇ ಮಾತಾಡುತ್ತಿದ್ದರು. ಎರಡು ನಿಮಿಷ ಬೈಗುಳ. ಗುಡುಗು, "ಒಂದು ಸಣ್ಣ ಬ್ರೇಕ್," ಅಂದ. ಆ ದಿನ ಕ್ಯಾಮೆರಾ ಮುಂದೆ ಅವನು ಮೆಲ್ಲಗೆ ಹೇಳಿದ ಮೊದಲ ಮಾತು ಅದು.

ಸೋಪಿನ ಜಾಹೀರಾತು. ಪ್ರೆಶರ್ ಕುಕ್ಕರ್ ಜಾಹೀರಾತು.

ವಾಪಸು ಬಂದಾಗ ಅದೇ ಫೋಟೋ. ಅದೇ ಮೂವತ್ತೊಂದು ಸುತ್ತು. ಬಣ್ಣ ಮಾತ್ರ ಹಸಿರು. 'ಊರನ್ನು ಉಳಿಸಿದ ವೀರರು. ಶತ್ರುವಿನ ಸುಳ್ಳು ಪ್ರಚಾರ ಬಯಲು.' ಕತ್ತರಿಸಿದ್ದ ಬೋರ್ಡೂ ಮರಳಿ ಬಂದಿತ್ತು. ಗುಡುಗು ಟೈ ಬದಲಿಸಿದ್ದ. ಕಣ್ಣಲ್ಲಿ ನೀರು. ನಮ್ಮ ವೀರರಿಗೆ ಕಳಂಕ ಹಚ್ಚಲು ಆಚೆ ದಡದವರು ಈ ಫೋಟೋವನ್ನು ಕತ್ತರಿಸಿ ಹರಿಬಿಟ್ಟಿದ್ದರು ಅಂದ. ಒಬ್ಬೊಬ್ಬರ ಹೆಸರು ಹಿಡಿದು ಅತ್ತ. ಬಾಮೈದನಿಗಾಗಿ ಹೆಚ್ಚು ಅತ್ತ.

ಟ್ಯಾಂಕಿನಿಂದ ಅವನನ್ನು ಹೊರಗೆ ಎತ್ತಿದವರು ಕೆಳಗೆ ಕಲ್ಲು ಹಿಡಿದಿದ್ದವರೇ. ಹೆಗಲ ಮೇಲೆ ಹೊತ್ತುಕೊಂಡು ಬೀದಿಗೆ ಬಂದರಂತೆ. ಕ್ಷೌರದವನು ಮಿಕ್ಕ ಕೆನ್ನೆಯನ್ನು ಅಲ್ಲೇ ಬೋಳಿಸಿದನಂತೆ.

ನಾನು ಮುಖ ತೊಳೆದುಕೊಂಡು ಹೊರಟೆ. ಮೊಗಸಾಲೆಯಲ್ಲಿ ಗೂಳಿ ಅಡ್ಡ ನಿಂತ. ಗಂಟಲು ಸವರಿಕೊಂಡೆ.

"ತಾತ," ಅಂದ. ಅಷ್ಟು ದೊಡ್ಡ ದೇಹದಿಂದ ಅಷ್ಟು ಸಣ್ಣ ದನಿ ಬರುತ್ತದೆ ಅಂತ ನನಗೆ ಗೊತ್ತಿರಲಿಲ್ಲ. "ನಮ್ಮಪ್ಪ ಆ ಕಾರ್ಖಾನೇಲಿ ಹತ್ತಿ ತುಂಬೋನು. ಆ ಫೋಟೋದಲ್ಲಿ ಅವನಿದಾನಾ? ನನ್ನ ಹತ್ರ ಅವನದು ಒಂದು ಫೋಟೋನೂ ಇಲ್ಲ."

ಇರಲಿಲ್ಲ. ಮೂವತ್ತೊಂದೂ ಮುಖ ನನಗೆ ಗೊತ್ತು.

"ಇದಾನಪ್ಪ," ಅಂದೆ. "ಹಿಂದುಗಡೆ, ಹೊಗೆ ಒಳಗೆ. ಭುಜ ಮಾತ್ರ ಕಾಣುತ್ತೆ. ಬಕೆಟ್ ಎರಡೂ ಕೈಲಿ ಹಿಡಿದಿದ್ದ."

ಅವನು ಮುಖ ಆಚೆ ತಿರುಗಿಸಿದ. ಆ ಮಧ್ಯಾಹ್ನ ನಾನೂ ಒಂದು ಫೋಟೋ ಕೆಳಗೆ ಒಂದು ಸಾಲು ಬರೆದೆ. ಗುಡುಗನನ್ನು ಬೈಯುವಾಗ ಅದನ್ನೂ ನೆನಪಿಟ್ಟುಕೊಳ್ಳಿ.

ಗಾಜಿನ ಬಾಗಿಲ ಹತ್ತಿರ ಬಂದಾಗ ಎರಡೂ ಕಾಲು. ರಿಸೆಪ್ಶನ್ನಿನ ಹುಡುಗಿ ಗೋಡೆಯ ಟಿವಿ ನೋಡುತ್ತಾ ನಿಂತಿದ್ದಳು. ಗುಡುಗು ಮತ್ತೆ ಎರಡು ಅಡಿ ಬೆಳೆದಿದ್ದ.

"ವೀರರು ಸಿಕ್ಕರು. ಹಾಗಾದರೆ ಗೋದಾಮಿಗೆ ಬೆಂಕಿ ಹಚ್ಚಿದವನು ಯಾರು?"

ಹೊಸ ಫೋಟೋ, ನನ್ನ ಕಾಲಿನ ಪೆಟ್ಟಿಗೆಯದು. ಒಬ್ಬ ತೆಳ್ಳನೆ ಮನುಷ್ಯ, ಕಂಕುಳಲ್ಲಿ ಚೀಲ, ಬಾಯಿ ತೆರೆದು ಓಡುತ್ತಿದ್ದಾನೆ. ಮುಖದ ಮೇಲೆ ಠಕ್ ಅಂತ ಕೆಂಪು ಸುತ್ತು.

"ಅಯ್ಯೋ, ನೋಡಿದ್ರೇನೇ ಗೊತ್ತಾಗುತ್ತೆ," ಅಂದಳು ಹುಡುಗಿ. "ಕಳ್ಳ ಮುಖ."

ಅವನು ಟೈಪ್‌ರೈಟರ್ ರಿಪೇರಿ ಮಾಡುತ್ತಿದ್ದವನು. ಸ್ಟೇಷನ್ ಹಿಂದಿನ ಮೂರನೇ ಗಲ್ಲಿ, ನೀಲಿ ಬಾಗಿಲು, ಇಬ್ಬರು ಮೊಮ್ಮಕ್ಕಳು. ನಾನು ತಿರುಗಿ ನೆಲಮಾಳಿಗೆಯ ಮೆಟ್ಟಿಲ ಕಡೆ ನಡೆದೆ. ಈ ಸಲ ಗೂಳಿ ಬಾಗಿಲು ತೆರೆದು ಹಿಡಿದ, ದೀಪ ಹಾಕಿದ.

"ಏನು ಮಾಡಿದ್ನಂತೆ ತಾತ, ಅವನು?"

"ಬಸ್ಸಿಗೆ ಓಡಿದ್ನಪ್ಪ," ಅಂದೆ. "ಅದೂ ಸಿಕ್ಕಿರಲಿಲ್ಲ."